ಸೋಲ್‌ಗೆ ಸೋಲುವ ಮುನ್ನ

ಸೋಲ್ ಸಂಗೀತ ಅಂದರೆ 'ಯಾರ ಸೋಲು?' ಎಂದು ರೇಗಿಸುವ ಗೆಳೆಯರಿದ್ದಾರೆ. ನಮ್ಮಲ್ಲಿ ಮನಸೋಲುವುದೂ ಒಂದು ಸೋಲೇ ಅಲ್ಲವೇ, ಆ ಸೋಲು ಎನ್ನುತ್ತೇನೆ. ಚರ್ಚಿನ ಗಾಸ್ಪೆಲ್ ಗಾಯನದ ಆವೇಶವನ್ನು ಪ್ರೇಮಗೀತೆಗೆ ತಂದ ಅಮೆರಿಕದ ಕಪ್ಪು ಗಾಯಕರ ಸಂಗೀತವಿದು. ಹೊಸಬರಿಗೆ ನಾನು ಮೊದಲು ಕೇಳಿಸುವುದು ಸ್ಯಾಮ್ ಕುಕ್‌ನ ಎರಡು ಮೆಡ್ಲಿಗಳನ್ನು, ಅಂದರೆ ಹಾಡಿಗೆ ಹಾಡು ಹೊಲಿದ ಮಾಲೆಗಳನ್ನು.

ಒಂದು, 1963ರ ಜನವರಿ 12ರ ರಾತ್ರಿ ಮಯಾಮಿಯಲ್ಲಿ, ಕಪ್ಪು ಜನರ ಬಡಾವಣೆಯಾದ ಓವರ್‌ಟೌನ್‌ನ ಹಾರ್ಲೆಮ್ ಸ್ಕ್ವೇರ್ ಕ್ಲಬ್ಬಿನಲ್ಲಿ ಹಾಡಿದ್ದು. ಇನ್ನೊಂದು, ಮರುವರ್ಷ ಜುಲೈನಲ್ಲಿ ನ್ಯೂಯಾರ್ಕಿನ ಉಳ್ಳವರ ಕೋಪಕಬಾನಾ ಕ್ಲಬ್ಬಿನಲ್ಲಿ. ಎರಡರಲ್ಲೂ 'ಫಾರ್ ಸೆಂಟಿಮೆಂಟಲ್ ರೀಸನ್ಸ್' ಬರುತ್ತದೆ. ಕೋಪಕಬಾನಾದಲ್ಲಿ ಅದು ಇಸ್ತ್ರಿ ಹಾಕಿದ ಅಂಗಿ. ಒಂದು ಸುಕ್ಕೂ ಇಲ್ಲ. ಮಯಾಮಿಯಲ್ಲಿ ಅದೇ ಗಂಟಲು ಒರಟಾಗಿ ಬಿಚ್ಚಿಕೊಳ್ಳುತ್ತದೆ, ನೆರೆದವರೆಲ್ಲ ದನಿಗೂಡಿಸುತ್ತಾರೆ. ಅದಕ್ಕೂ ಮುಂಚೆ ಬರುವ 'ಇಟ್ಸ್ ಆಲ್ ರೈಟ್' ಎಲ್ಲಿ ಮುಗಿಯಿತು, ಇದೆಲ್ಲಿ ಶುರುವಾಯಿತು ಎಂದು ಹೊಲಿಗೆ ಕಾಣುವುದಿಲ್ಲ. ಮೆಡ್ಲಿಯ ಕಸುಬೆಲ್ಲ ಆ ಹೊಲಿಗೆಯಲ್ಲಿದೆ. ಆರ್‌ಸಿಎ ಕಂಪನಿ ಕೋಪಕಬಾನಾದ ಮುದ್ರಣವನ್ನು ಅದೇ ವರ್ಷ ಹೊರತಂದಿತು. ಮಯಾಮಿಯದು ತೀರಾ ಹಸಿಯಾಯಿತೆಂದು ಕಪಾಟು ಸೇರಿತು. ಅದು ಬೆಳಕು ಕಂಡದ್ದು 1985ರಲ್ಲಿ, ಕುಕ್ ತೀರಿಹೋಗಿ ಇಪ್ಪತ್ತು ವರ್ಷ ಕಳೆದ ಮೇಲೆ.

ಒಂದೇ ಹಾಡಿಗೆ ಹೀಗೆ ಬೇರೆ ಬೇರೆ ಮುದ್ರಣಗಳಿರುತ್ತವೆ. ಹಾಗಾಗಿ ಡೌನ್‌ಲೋಡ್ ಮಾಡುವಾಗ ಹಾಡಿನ ಹೆಸರಷ್ಟೇ ಸಾಲದು; ಆಲ್ಬಮ್, ವರ್ಷ, ಅವಧಿ ಮೂರನ್ನೂ ನೋಡಿ. ಐಸಾಕ್ ಹೇಯ್ಸ್‌ನ 'ವಾಕ್ ಆನ್ ಬೈ' 1969ರ 'ಹಾಟ್ ಬಟರ್ಡ್ ಸೋಲ್' ಆಲ್ಬಮ್‌ನಲ್ಲಿ ಹನ್ನೆರಡು ನಿಮಿಷದ್ದು. ರೇಡಿಯೊಗಾಗಿ ಕತ್ತರಿಸಿದ್ದನ್ನು ಕೊಂಡರೆ ಊಟ ಬಿಟ್ಟು ಉಪ್ಪಿನಕಾಯಿ ತಂದಂತೆ. ಅಗ್ಗದ ಸಂಕಲನಗಳಲ್ಲಿ ಇನ್ನೊಂದು ಮೋಸವಿದೆ: ಗಾಯಕರು ಮುಪ್ಪಿನಲ್ಲಿ ಮತ್ತೆ ಹಾಡಿದ್ದನ್ನೇ ಹಳೆಯ ಚಿತ್ರ ಅಂಟಿಸಿ ಮಾರುತ್ತಾರೆ. 'ರೀ-ರೆಕಾರ್ಡೆಡ್' ಎಂಬ ಸಣ್ಣಕ್ಷರ ಕಂಡರೆ ಮುಂದೆ ಹೋಗಿ.

ಕೊಳ್ಳುವುದೆಲ್ಲಿ? ದೊಡ್ಡ ಕಂಪನಿಗಳ ಆಲ್ಬಮ್‌ಗಳಿಗೆ ಐಟ್ಯೂನ್ಸ್ ಸ್ಟೋರ್ ಇದೆ. ಅಲ್ಲಿ ಕೊಂಡ ಹಾಡಿಗೆ 2009ರಿಂದ ನಕಲು ತಡೆಯುವ ಬೀಗವಿಲ್ಲ. ಮರೆತುಹೋದ ಸಣ್ಣ ಲೇಬಲ್‌ಗಳ ಹಾಡುಗಳನ್ನು ಶಿಕಾಗೋದ ನ್ಯೂಮೆರೋ ಗ್ರೂಪ್ 'ಎಕ್ಸೆಂಟ್ರಿಕ್ ಸೋಲ್' ಮಾಲೆಯಲ್ಲಿ ಹುಡುಕಿ ತೆಗೆದಿದೆ. ಅವು ಬ್ಯಾಂಡ್‌ಕ್ಯಾಂಪ್‌ನಲ್ಲಿ ಸಿಗುತ್ತವೆ. ಅಲ್ಲಿ ಎಂಪಿ3 ಬದಲು ಫ್ಲ್ಯಾಕ್ ಕಡತ ಆರಿಸಿ, ದನಿ ಸವೆಯುವುದಿಲ್ಲ. ತಿಂಗಳ ಚಂದಾ ಕಟ್ಟಿ ಆ್ಯಪ್‌ನೊಳಗೆ ಇಳಿಸಿಕೊಂಡದ್ದು ಬಾಡಿಗೆ ಮನೆಯಿದ್ದ ಹಾಗೆ, ಚಂದಾ ನಿಂತರೆ ಖಾಲಿ ಮಾಡಬೇಕು. ಲೈವ್ ಆಲ್ಬಮ್ ಆದರೆ ಇಡಿಯಾಗಿಯೇ ಕೊಳ್ಳಿ. ಬಿಡಿ ಹಾಡು ತಂದರೆ ಚಪ್ಪಾಳೆ ಅರ್ಧಕ್ಕೇ ತುಂಡಾಗುತ್ತದೆ.

ಹಳೆಯದಲ್ಲವೇ, ಪುಕ್ಕಟೆ ಇಳಿಸಿಕೊಂಡರೇನು ಎಂದು ಕೇಳುವವರಿಗೆ ಒಂದು ಲೆಕ್ಕ. ನಮ್ಮ ಕಾನೂನಿನಲ್ಲಿ ಧ್ವನಿಮುದ್ರಣದ ಹಕ್ಕು ಪ್ರಕಟವಾದ ಮೇಲೆ 60 ವರ್ಷ. ಮಯಾಮಿಯ ರಾತ್ರಿ ಹಾಡಿದ್ದು 1963ರಲ್ಲಾದರೂ ಪ್ರಕಟವಾದದ್ದು 1985ರಲ್ಲಿ. ಹಕ್ಕು 2045ರ ಕೊನೆಯವರೆಗೂ ಇದೆ. ಅಮೆರಿಕದಲ್ಲಿ ಆ ಕಾಲದ ಸೋಲ್ ಮುದ್ರಣಗಳ ಹಕ್ಕು 2067ರವರೆಗೆ.

ಅಷ್ಟು ದಿನ ಕಾಯುವ ಬದಲು ದುಡ್ಡು ಕೊಟ್ಟು ಕೇಳಿ. ಕುಕ್‌ನ ಆ ಎರಡು ಆಲ್ಬಮ್‌ಗಳಲ್ಲಿ ಒಂದನ್ನೇ ಕೊಳ್ಳುವುದಾದರೆ, ನನ್ನ ಮತ ಮಯಾಮಿಗೆ.