ಜ್ವಾಲೆಗೆ ಉಣಿಸಿದ್ದು ಎಲ್ಲಿಗೆ ಹೋಯಿತು?

ಪಾಶ್ಚಾತ್ಯ ಫ್ಯಾಂಟಸಿಯ ಮಾತು ಬಂದಾಗಲೆಲ್ಲ ನಮ್ಮ ಸಾಹಿತ್ಯವಲಯದ ಹಿರಿಯರು ಒಂದೇ ತೀರ್ಪು ಕೊಟ್ಟು ಎದ್ದುಬಿಡುತ್ತಾರೆ: ಅಲ್ಲಿನ ಮನೋನಿಗ್ರಹ, ಏಕಾಗ್ರತೆ, ಸ್ವಸಂಮೋಹನ ಎಲ್ಲವೂ ನಮ್ಮ ಯೋಗದ ಎಂಜಲು. ವರ್ಷಗಳಿಂದ ಕೇಳಿ ಕೇಳಿ ನನಗೆ ರೋಸಿಹೋಗಿದೆ. ಹಾಗೆನ್ನುವವರಲ್ಲಿ ರಾಬರ್ಟ್ ಜೋರ್ಡಾನನನ್ನು ನಾಲ್ಕು ಪುಟವಾದರೂ ಓದಿದವರನ್ನು ನಾನಿನ್ನೂ ಕಂಡಿಲ್ಲ.

ಫ್ರಾಂಕ್ ಹರ್ಬರ್ಟನ ಮಟ್ಟಿಗೆ ಆ ಮಾತಿಗೊಂದು ಆಧಾರವುಂಟು. 1965ರ ‘ಡ್ಯೂನ್’ನಲ್ಲಿ ಬೆನೆ ಗೆಸರಿಟ್ ಸೋದರಿಯರ ನರ-ಸ್ನಾಯು ಸಾಧನೆಗೆ ಅವನಿಟ್ಟ ಹೆಸರೇ ‘ಪ್ರಾಣ-ಬಿಂದು’. ಕಥಾನಾಯಕನಾದ ಹುಡುಗ ಪೌಲ್ ನೋವುಣಿಸುವ ಪೆಟ್ಟಿಗೆಯೊಳಗೆ ಕೈಯಿಟ್ಟು, ಕತ್ತಿನ ಬಳಿ ವಿಷದ ಸೂಜಿ ಇರುವಾಗ, ಭಯವನ್ನು ದಾಟುವ ಮಂತ್ರವನ್ನು ಮನಸ್ಸಿನಲ್ಲೇ ಹೇಳಿಕೊಳ್ಳುವ ದೃಶ್ಯವನ್ನು ಎಲ್ಲರೂ ಮೆಚ್ಚುತ್ತಾರೆ. ನನಗೆ ಅದೆಂದೂ ಹಿಡಿಸಿಲ್ಲ. ಅಲ್ಲಿ ಸಾಧನೆಯೆಂಬುದು ದೊಡ್ಡ ಮನೆತನದ ಒಡವೆ, ಪೆಟ್ಟಿಗೆಯಿಂದ ತೆಗೆದು ತೊಟ್ಟರಾಯಿತು. ಮುಂದೆ ಪೌಲ್ ಕೆಡುವುದು ಭವಿಷ್ಯ ಕಾಣುವ ಶಕ್ತಿಯಿಂದ, ಅವನ ಹೆಸರಿನಲ್ಲಿ ನಡೆದ ಧರ್ಮಯುದ್ಧದಿಂದ. ಆ ಮಂತ್ರದ ಮೇಲೆ ಮಾತ್ರ ಒಂದು ಕಲೆಯೂ ಬೀಳುವುದಿಲ್ಲ.

ಜೋರ್ಡಾನನ ‘ದಿ ವೀಲ್ ಆಫ್ ಟೈಮ್’ ಶುರುವಾದದ್ದು 1990ರಲ್ಲಿ. ಕಾಲಚಕ್ರವೆಂಬ ಹೆಸರು ಕಂಡೊಡನೆ ನಮ್ಮವರು ಹಕ್ಕು ಸ್ಥಾಪಿಸಲು ಹೊರಡುತ್ತಾರೆ, ಹೊರಡಲಿ. ಆದರೆ ಅಲ್ಲಿನ ಸಾಧನೆಯನ್ನು ಕಲಿಸುವವನು ಗುರುವಲ್ಲ, ಋಷಿಯಲ್ಲ, ಕುರಿ ಸಾಕುವ ಟ್ಯಾಮ್ ಎಂಬ ರೈತ. ಮಗ ರ‍್ಯಾಂಡ್‌ಗೆ ಬಿಲ್ಲುವಿದ್ಯೆ ಹೇಳಿಕೊಡುವಾಗ ಅದನ್ನೂ ಹೇಳಿಕೊಡುತ್ತಾನೆ. ಮನಸ್ಸಿನಲ್ಲಿ ಒಂದು ಜ್ವಾಲೆಯನ್ನು ಕಲ್ಪಿಸಿಕೊ. ಹೆದರಿಕೆ, ದ್ವೇಷ, ಸಿಟ್ಟು ಎಲ್ಲವನ್ನೂ ಅದಕ್ಕೆ ಉಣಿಸು. ಉಳಿಯುವ ಶೂನ್ಯದೊಳಗೆ ನಿಂತು ಬಾಣ ಬಿಡು. ಊರಿನಲ್ಲಿ ಬೇರೆ ಯಾರೂ ಆಡದ ಮಾತು ಇದು, ಆದರೂ ಹಬ್ಬದ ಬಿಲ್ಲುಗಾರಿಕೆಯ ಪಂದ್ಯವನ್ನು ಗೆಲ್ಲುವವನು ಟ್ಯಾಮೇ. ಅವನು ಹಿಂದೆ ಪರದೇಶದಲ್ಲಿ ಸೈನಿಕನಾಗಿದ್ದನೆಂಬುದು ಮಗನಿಗೆ ತಿಳಿಯುವುದು ಗಾಯಗೊಂಡ ಅಪ್ಪ ಜ್ವರದಲ್ಲಿ ಕನವರಿಸುವಾಗ.

‘ಶೂನ್ಯ’ ಎಂದೊಡನೆ ಅಲ್ಲಮನ ಕಡೆ ಓಡುವವರು ಈ ಸೈನಿಕನನ್ನು ಸ್ವಲ್ಪ ಗಮನಿಸಬೇಕು. ಅವನಿಗೆ ಬೇಕಾದದ್ದು ಬಯಲಲ್ಲ, ನಡುಗದ ಕೈ. ಜೋರ್ಡಾನ್ ಸ್ವತಃ ಎರಡು ಅವಧಿ ವಿಯೆಟ್ನಾಮಿನಲ್ಲಿ ಹೆಲಿಕಾಪ್ಟರ್ ಗನ್ನರ್ ಆಗಿದ್ದವನು. ಭಯವನ್ನು ಬದಿಗಿಟ್ಟು ಕೆಲಸ ಮುಗಿಸುವುದೆಂದರೇನು, ಬದಿಗಿಟ್ಟದ್ದು ಆಮೇಲೆ ಏನಾಗುತ್ತದೆ ಎಂಬುದನ್ನು ಅವನಿಗೆ ಯಾವ ಉಪನಿಷತ್ತೂ ಕಲಿಸಬೇಕಿರಲಿಲ್ಲ. ಈ ಉಪಾಯಕ್ಕೆ ವಂಶಾವಳಿ ಬೇಕೇಬೇಕೆಂದರೆ ಯುರೋಪಿನಲ್ಲೇ ಹುಡುಕಬಹುದು. ಹೊಳೆಯುವ ವಸ್ತುವಿನ ಮೇಲೆ ನೋಟ ನೆಡುವುದರಿಂದಲೇ ಸಂಮೋಹನ ಸಾಧ್ಯವೆಂದು 1840ರ ದಶಕದಲ್ಲಿ ವಾದಿಸಿದ ಮ್ಯಾಂಚೆಸ್ಟರಿನ ಸರ್ಜನ್ ಜೇಮ್ಸ್ ಬ್ರೇಡ್ ಇದ್ದಾನೆ. ಇಚ್ಛಾಶಕ್ತಿಗೂ ಕಲ್ಪನೆಗೂ ಜಗಳ ಬಿದ್ದರೆ ಗೆಲ್ಲುವುದು ಕಲ್ಪನೆಯೇ ಎಂದು ಸಾರಿದ ಫ್ರಾನ್ಸಿನ ಔಷಧಿ ವ್ಯಾಪಾರಿ ಎಮಿಲ್ ಕೂಯೇ ಇದ್ದಾನೆ. ಟ್ಯಾಮ್ ಸಹ ಮಗನಿಗೆ ‘ಹೆದರಬೇಡ’ ಎನ್ನುವುದಿಲ್ಲ, ಕಣ್ಣೆದುರು ಒಂದು ಚಿತ್ರ ಕೊಡುತ್ತಾನೆ.

ನನ್ನ ಅಪ್ಪ ಆಸ್ಪತ್ರೆಯಲ್ಲಿದ್ದ ಒಂದು ರಾತ್ರಿ, ಕಾರಿಡಾರಿನ ಬೆಂಚಿನ ಮೇಲೆ ಕೂತು ನಾನೂ ಆ ಜ್ವಾಲೆ ಹಚ್ಚಿದ್ದೆ. ಬೆಳಗಿನವರೆಗೆ ಒಂದು ಹನಿ ಕಣ್ಣೀರು ಬರಲಿಲ್ಲ. ಮುಂದೆ ತಿಂಗಳುಗಟ್ಟಲೆ ಬರಲಿಲ್ಲ. ಆದ್ದರಿಂದ ಈ ಲೇಖಕನ ವಿಷಯದಲ್ಲಿ ನಾನು ನಿಷ್ಪಕ್ಷಪಾತಿಯಲ್ಲ.

ಉಣಿಸಿದ್ದು ಎಲ್ಲಿಗೆ ಹೋಯಿತು ಎಂದು ಜೋರ್ಡಾನ್ ಕೇಳುತ್ತಾನೆ. ಅವನ ಹಿರಿಮೆ ನನಗೆ ಕಾಣುವುದು ಇಲ್ಲಿ. ಎರಡನೆಯ ಸಂಪುಟದ ಹೊತ್ತಿಗೆ ಆ ಶೂನ್ಯದ ಅಂಚಿನಲ್ಲಿ ರೋಗಿಷ್ಠವಾದೊಂದು ಬೆಳಕು ಕಾಣಿಸಿಕೊಂಡು, ರ‍್ಯಾಂಡ್ ತನ್ನ ಆಸರೆಗೇ ಅಂಜುತ್ತಾನೆ. ಆ ಬೆಳಕು ಮಾಂತ್ರಿಕ ಶಕ್ತಿಯದು. ಅದೇ ಲೋಕದಲ್ಲಿ ಹೆಣ್ಣುಮಕ್ಕಳು ಇಂಥ ಶಕ್ತಿಯನ್ನು ಒಲಿಸಿಕೊಳ್ಳುವ ಬಗೆ ಬೇರೆ: ತಾನೊಂದು ಗುಲಾಬಿ ಮೊಗ್ಗು, ಬೆಳಕಿಗೆ ಅರಳುತ್ತಿದ್ದೇನೆ ಎಂದು ಭಾವಿಸುವುದು. ಗಂಡಸು ಕಿತ್ತುಕೊಳ್ಳಬೇಕು, ಹೆಂಗಸು ಒಪ್ಪಿಸಿಕೊಳ್ಳಬೇಕು. ಈ ಹಂಚಿಕೆ ಹಳಸಲು, ಸಮರ್ಥಿಸಲಾರೆ. ಆದರೂ ಅರಳುವುದನ್ನು ಯಾರೂ ಕಲಿಸದ ಗಂಡುಮಗ ಹೇಗೆ ಕಲ್ಲಾಗುತ್ತಾನೆಂಬುದು ಸಾವಿರಾರು ಪುಟಗಳಲ್ಲಿ ನಿಧಾನವಾಗಿ ತೆರೆದುಕೊಳ್ಳುತ್ತದೆ. ಇವನಿಗೆ ನಗುವನ್ನೂ ಕಣ್ಣೀರನ್ನೂ ಮತ್ತೆ ಕಲಿಸಬೇಕೆಂದು ಕ್ಯಾಡ್‌ಸ್ವೇನ್ ಎಂಬ ಮುದುಕಿ ಹಟ ತೊಡುತ್ತಾಳೆ. ಜೋರ್ಡಾನ್ 2007ರಲ್ಲಿ ತೀರಿಕೊಂಡ ಮೇಲೆ ಬ್ರಾಂಡನ್ ಸ್ಯಾಂಡರ್ಸನ್ ಪೂರ್ಣಗೊಳಿಸಿದ 2009ರ ‘ದಿ ಗ್ಯಾದರಿಂಗ್ ಸ್ಟಾರ್ಮ್’ನಲ್ಲಿ ಆ ಮಗ, ಮಾತಾಡಿಸಲು ಬಂದ ಟ್ಯಾಮನನ್ನೇ ಕೊಲ್ಲುವ ಅಂಚಿಗೆ ಹೋಗುತ್ತಾನೆ. ಜ್ವಾಲೆ ಹಚ್ಚಲು ಕಲಿಸಿದ ಅಪ್ಪ ಅವನು. ಹರ್ಬರ್ಟನ ಮಂತ್ರಕ್ಕೆ ಇಂಥ ಲೆಕ್ಕ ಒಪ್ಪಿಸುವ ಗಳಿಗೆ ಎಂದೂ ಬರಲಿಲ್ಲ.

ನನ್ನ ಜಗಳ ನಿಜವಾಗಿ ನಮ್ಮವರೊಡನೆ. ‘ಅದು ನಮ್ಮದೇ’ ಎಂದುಬಿಟ್ಟರೆ ಓದುವ ಶ್ರಮ ತಪ್ಪುತ್ತದೆ. ಅಷ್ಟೇ ಆಗಿದ್ದರೆ ಸುಮ್ಮನಿರುತ್ತಿದ್ದೆ, ಆದರೆ ಈ ಚಾಳಿಯಿಂದ ನಮ್ಮದೂ ನಮಗೆ ದಕ್ಕುತ್ತಿಲ್ಲ. ವಿಶ್ವಾಮಿತ್ರನನ್ನು ಕುರಿತ ದೇವುಡು ಅವರ ಕಾದಂಬರಿ ‘ಮಹಾಬ್ರಾಹ್ಮಣ’ವನ್ನು ಪೂಜೆಯ ಸಾಮಾನಿನಂತೆ ಎತ್ತಿಟ್ಟಿದ್ದೇವೆ. ಕೋಪವನ್ನು ಅದುಮಿ ಕೂತ ವಿಶ್ವಾಮಿತ್ರನ ತಪಸ್ಸು ಅದೇ ಕೋಪ ಸಿಡಿದಾಗ ಸೋರಿಹೋಗುವುದು, ಅವನು ಎದ್ದು ಬೇರೆ ದಿಕ್ಕಿಗೆ ಹೋಗಿ ಮತ್ತೆ ಕೂರುವುದು ನಮ್ಮ ಮಕ್ಕಳಿಗೂ ಗೊತ್ತಿರುವ ಕಥೆ. ಅವನ ಪಕ್ಕದಲ್ಲಿ ರ‍್ಯಾಂಡನನ್ನು ಕೂರಿಸಿ ಓದಿದ ಒಂದೇ ಒಂದು ಕನ್ನಡ ವಿಮರ್ಶೆಯೂ ನನ್ನ ಕಣ್ಣಿಗೆ ಬಿದ್ದಿಲ್ಲ.