ಗಡಿಯಾರಕ್ಕೆ ಜೋತುಬಿದ್ದ ಬಡಾಯಿ

ಎತ್ತರದ ಕಟ್ಟಡದ ಮೇಲಿನ ಗಡಿಯಾರದ ಮುಳ್ಳಿಗೆ ಜೋತುಬಿದ್ದ ಕನ್ನಡಕಧಾರಿ ಯುವಕನ ಚಿತ್ರವನ್ನು ನೀವೂ ನೋಡಿರಬಹುದು. ಅದು 1923ರ ಅಮೆರಿಕದ ಮೂಕಿ ಹಾಸ್ಯಚಿತ್ರ ‘ಸೇಫ್ಟಿ ಲಾಸ್ಟ್’ನ ದೃಶ್ಯ; ನಟ ಹೆರಾಲ್ಡ್ ಲಾಯ್ಡ್. ಆ ಸಾಹಸವನ್ನು ಕೊಂಡಾಡುವವರು ಅವನು ಅಲ್ಲಿಗೆ ಏರಿದ್ದೇಕೆಂಬುದನ್ನು ಮರೆಯುತ್ತಾರೆ. ಅವನನ್ನು ಅಷ್ಟೆತ್ತರಕ್ಕೆ ಏರಿಸಿದ್ದು ಊರಿಗೆ ಬರೆದ ಬಡಾಯಿ ಪತ್ರಗಳು.

ಊರು ಬಿಟ್ಟು ನಗರಕ್ಕೆ ಬಂದ ಆತ ದೊಡ್ಡ ಅಂಗಡಿಯೊಂದರಲ್ಲಿ ಬಟ್ಟೆ ಮಾರುವ ಗುಮಾಸ್ತ. ಮದುವೆಯಾಗಬೇಕಾದ ಹುಡುಗಿಗೆ ಮಾತ್ರ ತಾನು ಭಾರೀ ಹುದ್ದೆಯಲ್ಲಿರುವುದಾಗಿ ನಂಬಿಸಿದ್ದಾನೆ. ಅವಳಿಗೆ ಸರ ಕೊಳ್ಳಲು ಅವನು ನಾಣ್ಯಗಳನ್ನು ತೆರುತ್ತಿದ್ದಂತೆ, ಅವನು ಉಣ್ಣಬೇಕಿದ್ದ ಊಟದ ಒಂದೊಂದು ಪದಾರ್ಥವೂ ತೆರೆಯ ಮೇಲೆ ಮಾಯವಾಗುತ್ತದೆ. ನನ್ನ ಮಟ್ಟಿಗೆ ಗಡಿಯಾರದ ದೃಶ್ಯಕ್ಕಿಂತ ಇದೇ ದೊಡ್ಡದು.

ಗುಂಡ್ಲುಪೇಟೆ, ಚಾಮರಾಜನಗರಗಳ ಹಳ್ಳಿಗಳಲ್ಲಿದ್ದು, ಬೆಂಗಳೂರಿಗೋ ತಿರುಪ್ಪೂರಿಗೋ ಮಕ್ಕಳನ್ನು ದುಡಿಯಲು ಕಳುಹಿಸಿದವರಿಗೆ ಈ ಕಥೆ ಪರಕೀಯವೆನಿಸದು. “ಚೆನ್ನಾಗಿವ್ನಿ ಕಣವ್ವ, ದೊಡ್ಡ ಕೆಲಸಕ್ಕೆ ಹಾಕವ್ರೆ” ಎಂಬ ದೂರವಾಣಿಯ ಮಾತಿನ ಹಿಂದೆ ಬಿಟ್ಟ ಊಟಗಳೆಷ್ಟೋ! ಇಂಥ ಸುಳ್ಳಿನಲ್ಲಿ ಮೋಸಕ್ಕಿಂತ ಅಂಜಿಕೆಯೇ ಹೆಚ್ಚು. ಆ ಮಾತನ್ನೇ ಕೇಳಬಯಸುವ ನಮಗೂ ಅದರಲ್ಲಿ ಪಾಲುಂಟು. ಚಿತ್ರದಲ್ಲಿಯೂ, ಕಾಣಿಕೆ ಬಂದೊಡನೆ, ಇಷ್ಟು ಹಣವುಳ್ಳವನನ್ನು ನಗರದಲ್ಲಿ ಒಂಟಿಯಾಗಿ ಬಿಡಬಾರದೆಂದು ಮಗಳನ್ನು ಹೊರಡಿಸುವವಳು ತಾಯಿಯೇ.

ಹುಡುಗಿ ಬಂದಿಳಿದಾಗ ಮ್ಯಾನೇಜರನ ನಟನೆ. ಬಳಿಕ, ಅಂಗಡಿಗೆ ಜನರನ್ನು ಸೆಳೆದವರಿಗೆ ಸಿಗುವ 1,000 ಡಾಲರ್‌ಗಾಗಿ, ಗೆಳೆಯನಿಂದ ಆ ಕಟ್ಟಡವನ್ನು ಹತ್ತಿಸುವ ಏರ್ಪಾಡು. ಗೆಳೆಯನ ಬೆನ್ನಿಗೆ ಪೊಲೀಸನೊಬ್ಬ ಬಿದ್ದುದರಿಂದ, ‘ಇನ್ನೊಂದೇ ಮಹಡಿ’ ಎಂಬ ಭರವಸೆಯಲ್ಲಿ ಇವನೇ ತುದಿಯವರೆಗೂ ಹತ್ತಬೇಕಾಗುತ್ತದೆ. (ಚಿತ್ರತಂಡವೂ ಕೊಂಚ ಬಡಾಯಿಯದೇ: ಗೋಡೆಯನ್ನು ಬೇರೆ ಕಟ್ಟಡಗಳ ತಾರಸಿಯ ಮೇಲೆ ನಿರ್ಮಿಸಿ ಚಿತ್ರೀಕರಿಸಲಾಗಿತ್ತು, ದೂರದ ದೃಶ್ಯಗಳಲ್ಲಿ ಹತ್ತಿದವನು ಬಿಲ್ ಸ್ಟ್ರದರ್. ಆದರೆ 1919ರ ಸ್ಫೋಟವೊಂದರಲ್ಲಿ ಲಾಯ್ಡ್ ಬಲಗೈಯ ಹೆಬ್ಬೆರಳು, ತೋರುಬೆರಳುಗಳನ್ನು ಕಳೆದುಕೊಂಡಿದ್ದುದು ನಿಜ.)

ನನ್ನ ತಕರಾರು ಮುಕ್ತಾಯದ ಬಗ್ಗೆ. ಸಂತ ಲೂಕರ ಶುಭಸಂದೇಶದ ದುಂದುಗಾರ ಮಗ ಹಂದಿಗಳ ನಡುವೆಯೇ ತಪ್ಪೊಪ್ಪಿಗೆಯ ಮಾತುಗಳನ್ನು ಹೊಂದಿಸಿಕೊಳ್ಳುತ್ತಾನೆ. ಈ ಯುವಕನಾದರೋ ತುದಿ ಮುಟ್ಟುತ್ತಾನೆ, ಹುಡುಗಿಯನ್ನು ಅಪ್ಪಿಕೊಳ್ಳುತ್ತಾನೆ, ನಿಜ ಮಾತ್ರ ಹೇಳುವುದಿಲ್ಲ. ಅವಳು ಒಲಿದಿರುವುದು ಇನ್ನೂ ಆ ಮ್ಯಾನೇಜರನಿಗೇ. ತಾರಸಿಯ ಹಸಿ ಡಾಂಬರಿಗೆ ಅವನ ಬೂಟು, ಕಾಲುಚೀಲಗಳು ಅಂಟಿ ಉಳಿಯುತ್ತವೆ. ಅದರ ಪರಿವೆಯಿಲ್ಲದೆ ಆತ ಅವಳೊಡನೆ ಬರಿಗಾಲಲ್ಲಿ ನಡೆದುಹೋಗುತ್ತಾನೆ.