ಒಂದೇ ವರ್ಷ, ಎರಡು ಚಿತ್ರ, ಒಂದೇ ಕತ್ತರಿ

ಸಿನಿಮಾ ನೋಡಿ ಬಂದವರನ್ನು ಸಂಕಲನ ಹೇಗಿತ್ತು ಎಂದು ಕೇಳಿ ನೋಡಿ. ‘ಫಾಸ್ಟ್ ಆಗಿತ್ತು’ ಅಥವಾ ‘ಎಳೆದುಬಿಟ್ಟಿದ್ದಾರೆ’, ಇವೆರಡೇ ಉತ್ತರ. ವೇಗವೇ ಸಂಕಲನ ಅನ್ನುವ ಈ ನಂಬಿಕೆ ಹೋಗಬೇಕಾದರೆ ಸಂಕಲನಕಾರ್ತಿ ರೇಣು ಸಲೂಜಾ ಅವರ ಚಿತ್ರಗಳನ್ನು ನೋಡಬೇಕು.

ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್‌ನಲ್ಲಿ ಸಂಕಲನ ಕಲಿತ ರೇಣು ಹೆಸರು ಮಾಡಿದ್ದು ದುಡ್ಡಿಲ್ಲದ ಚಿತ್ರಗಳಲ್ಲಿ. 1983ರಲ್ಲಿ ಅವರ ಕೈಯಿಂದ ಎರಡು ಚಿತ್ರಗಳು ಹೊರಬಂದವು: ಗೋವಿಂದ ನಿಹಲಾನಿಯವರ ‘ಅರ್ಧ ಸತ್ಯ’ ಮತ್ತು ಸರ್ಕಾರಿ ಸಂಸ್ಥೆ ಎನ್‌ಎಫ್‌ಡಿಸಿಯ ಹಣದಲ್ಲಿ ಕುಂದನ್ ಶಾ ಮಾಡಿದ ‘ಜಾನೇ ಭೀ ದೋ ಯಾರೋ’. ಒಂದು ಉಸಿರು ಕಟ್ಟಿಸುವಂಥದ್ದು, ಇನ್ನೊಂದು ಶುದ್ಧ ಗೊಂದಲಪುರ. ಎರಡರಲ್ಲೂ ಓಂ ಪುರಿ ಇದ್ದಾರೆ. ಹೊಸಬರಿಗೆ ಇದಕ್ಕಿಂತ ಒಳ್ಳೆಯ ಪಾಠ ಸಿಗಲಾರದು.

‘ಜಾನೇ ಭೀ...’ಯಲ್ಲಿ ಕುಡಿದ ಬಿಲ್ಡರ್ ಅಹುಜಾ (ಓಂ ಪುರಿ) ಶವಪೆಟ್ಟಿಗೆಯನ್ನು ಕೆಟ್ಟು ನಿಂತ ಕಾರೆಂದು ತಿಳಿದು, ಒಳಗಿನ ಹೆಣದೊಂದಿಗೆ ಮಾತಿಗಿಳಿಯುತ್ತಾನೆ. ನಗು ಬರುವುದು ಅವನ ಮಾತಿನಿಂದಷ್ಟೇ ಅಲ್ಲ. ಮಾತು ನಿಂತ ಮೇಲೆ ಹೆಣವಾಗಿರುವ ಸತೀಶ್ ಶಾ ಅವರ ಆ ಜಡ ಮುಖ ಎಷ್ಟು ಹೊತ್ತು ಇರುತ್ತದೆ, ಗಮನಿಸಿ. ಬೇಗ ಕತ್ತರಿಸಿದ್ದರೆ ಅದು ಬರೀ ಹೆಣ. ತುಸು ತಡೆದರೆ, ಉತ್ತರ ಕೊಡಲೊಲ್ಲದ ಜಂಬದ ಆಸಾಮಿ! ಸೆಕೆಂಡಿಗೆ 24 ಫ್ರೇಮು. ಇಂಥ ನಗೆ ಆರು ಫ್ರೇಮು ಹೆಚ್ಚುಕಡಿಮೆಯಾದರೂ ಸತ್ತುಹೋಗುತ್ತದೆ. ಆಗ ಕಂಪ್ಯೂಟರ್ ಇರಲಿಲ್ಲ, ಪ್ರಿಂಟನ್ನೇ ಕತ್ತರಿಸಿ ಟೇಪಿನಿಂದ ಅಂಟಿಸಬೇಕಿತ್ತು.

ಈಗ ‘ಅರ್ಧ ಸತ್ಯ’. ಸಬ್-ಇನ್‌ಸ್ಪೆಕ್ಟರ್ ವೇಲಣಕರ್ (ಇಲ್ಲೂ ಓಂ ಪುರಿ) ಕೈಗೆ ಗೆಳತಿ ಜ್ಯೋತ್ಸ್ನಾ ದಿಲೀಪ್ ಚಿತ್ರೆಯವರ ಕವಿತೆ ಕೊಡುತ್ತಾಳೆ. ಓದುತ್ತ ಓದುತ್ತ ಅವನ ದನಿ ಭಾರವಾಗುತ್ತದೆ, ಮುಖ ಬದಲಾಗುತ್ತದೆ. ಇಲ್ಲಿ ಕತ್ತರಿಗೆ ಯಾವ ಅವಸರವೂ ಇಲ್ಲ. ಕೊನೆಯಲ್ಲಿ ಅವನು ಭೂಗತ ದೊರೆ ರಾಮಾ ಶೆಟ್ಟಿಯ ಕತ್ತು ಹಿಸುಕುವ ಹೊತ್ತಿನ ಅವಸರವನ್ನು ಇದರ ಜೊತೆ ಹೋಲಿಸಿ ನೋಡಿ. ಒಳ್ಳೆಯ ಸಂಕಲನಕಾರರಿಗೆ ತಮ್ಮದೇ ಆದ ಒಂದು ವೇಗ ಇರುವುದಿಲ್ಲ, ಪಾತ್ರದ ಸಂಕಟಕ್ಕೆ ತಕ್ಕ ವೇಗ ಇರುತ್ತದೆ.

ನೋಡುವ ಕ್ರಮ ಸರಳ. ಮೊದಲ ಸಲ ಕಥೆಗಾಗಿ ನೋಡಿ. ಆಮೇಲೆ ಒಂದೇ ಒಂದು ದೃಶ್ಯ ಆರಿಸಿ, ದನಿ ಮುಚ್ಚಿ ನೋಡಿ. ಮಾತಾಡುವವರ ಮುಖ ಬಿಟ್ಟು ಕೇಳುವವರ ಮುಖಕ್ಕೆ ಚಿತ್ರ ಯಾವಾಗ ಹೋಗುತ್ತದೆ ಅನ್ನುವುದೇ ಅರ್ಧ ಸಂಕಲನ. ಮತ್ತೊಮ್ಮೆ ಕಣ್ಣು ಮುಚ್ಚಿ ಬರೀ ಕೇಳಿ. ಮುಂದಿನ ದೃಶ್ಯದ ಸದ್ದು ಈ ದೃಶ್ಯದ ಬಾಲದಲ್ಲೇ ನುಸುಳಿ ಬರುವ ಜಾಗಗಳು ಆಗ ಸಿಗುತ್ತವೆ. (ಎಲ್ಲ ಶ್ರೇಯವನ್ನೂ ಸಂಕಲನಕ್ಕೇ ಕೊಡಬೇಡಿ, ನಿರ್ದೇಶಕರೂ ಪಕ್ಕದ ಕುರ್ಚಿಯಲ್ಲೇ ಕೂತಿರುತ್ತಾರೆ.)

‘ಪರಿಂದಾ’, ‘ಧಾರಾವಿ’, ‘ಸರ್ದಾರ್’, ‘ಗಾಡ್‌ಮದರ್’ ಚಿತ್ರಗಳಿಗೆ ರೇಣು ರಾಷ್ಟ್ರಪ್ರಶಸ್ತಿ ಪಡೆದರು. ಇಷ್ಟು ದೊಡ್ಡ ಹೆಸರಾದ ಮೇಲೂ, 17 ಲಕ್ಷ ರೂಪಾಯಿಯಲ್ಲಿ ನಾಗೇಶ್ ಕುಕುನೂರ್ ತಯಾರಿಸಿದ ಮೊದಲ ಚಿತ್ರ ‘ಹೈದರಾಬಾದ್ ಬ್ಲೂಸ್’ಗೆ ಸಂಕಲನ ಮಾಡಿದರು. ಪ್ರಶಸ್ತಿಗಳಿಗಿಂತ ಇದೇ ನನಗೆ ದೊಡ್ಡದಾಗಿ ಕಾಣುತ್ತದೆ. 2000ದ ಆಗಸ್ಟಿನಲ್ಲಿ ತೀರಿಕೊಂಡಾಗ ಅವರಿಗೆ ಐವತ್ತೂ ತುಂಬಿರಲಿಲ್ಲ.

1983ರ ಎರಡೂ ಚಿತ್ರಗಳನ್ನು ಒಂದೇ ವಾರದಲ್ಲಿ ನೋಡಿ ಮುಗಿಸಿ. ದಾದರಿನ ಕಬೂತರ್‌ಖಾನಾದ ಕೊಲೆಯ ದೃಶ್ಯವಿರುವ ‘ಪರಿಂದಾ’ ಮೂರನೆಯದಾಗಿರಲಿ. ಮೊದಲೇ ಅದಕ್ಕೆ ಕೈಹಾಕಿದರೆ ವೇಗದ ಮೋಹ ಇನ್ನಷ್ಟು ಅಂಟಿಕೊಂಡೀತು.